ಕಾಣದ ಕಣಗಳ ಹೆಜ್ಜೆಗುರುತು

*ತೊಗರಿ ಬೇಳೆಯಲ್ಲಿದೆ, ಮುಚ್ಚಿದ ಕೋಣೆಯ ಗಾಳಿಯಲ್ಲಿದೆ, ಆಕಾಶದಿಂದಲೂ ಹಗಲಿರುಳು ಸುರಿಯುತ್ತಿದೆ. ಕಣ್ಣಿಗೆ ಬೀಳದ ಈ ವಿಕಿರಣದ ಜಾಡನ್ನು ಒಂದಿಷ್ಟು ಆಲ್ಕೊಹಾಲ್ ಆವಿ ಮತ್ತು ಒಂದು ತಣ್ಣನೆಯ ತಗಡು ತೋರಿಸಿಕೊಡುತ್ತವೆ. ಆಳಂದ, ಅಫಜಲಪುರ, ಜೇವರ್ಗಿಯ ಹೈಸ್ಕೂಲುಗಳಿಗೆ ಕ್ಲೌಡ್ ಚೇಂಬರ್ ಯಾಕೆ ಬರಬೇಕು?*

ಡಿಸೆಂಬರ್ ತಿಂಗಳಲ್ಲಿ ಆಳಂದದ ಕಡೆಯ ತೊಗರಿ ಹೊಲಗಳು ಹೂವು, ಎಳೆಗಾಯಿ ಹೊತ್ತು ನಿಂತಿರುವಾಗ ರೈತರಿಗೆ ಹುಳದಷ್ಟೇ ಹೆದರಿಕೆ ಮಂಜಿನದು. ನಾಲ್ಕು ದಿನ ಬಿಡದೆ ಮಂಜು ಕವಿದರೆ ಹೂವು ಉದುರುತ್ತದೆ, ಲೆಕ್ಕ ಹಾಕಿದ್ದ ಇಳುವರಿ ಕೈಗೆ ಹತ್ತುವುದಿಲ್ಲ. ಹಿಂದಿನ ಸಂಜೆ ಗಾಳಿಯಲ್ಲಿ ಕಾಣದಂತಿದ್ದ ನೀರಾವಿಯೇ ನಸುಕಿನ ಹೊತ್ತಿಗೆ ಹನಿಗಟ್ಟಿ ಹೊಲವನ್ನೆಲ್ಲ ಮುಚ್ಚಿರುತ್ತದೆ.

ಗಾಳಿ ತಣ್ಣಗಾದರೆ ಆವಿ ಹನಿಯಾಗುತ್ತದೆ ಎಂದು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಆದರೆ ತಂಪೊಂದೇ ಸಾಲದು. ಹನಿಗೆ ಕೂರಲು ಒಂದು ನೆಲೆಯೂ ಬೇಕು. ಹೊಲದ ಮೇಲಿನ ಗಾಳಿಯಲ್ಲಿ ದೂಳು, ಹೊಗೆಯ ಕಣಗಳು ಆ ನೆಲೆಯಾಗುತ್ತವೆ. ಸ್ಕಾಟ್ಲೆಂಡಿನ ಜಾನ್ ಐಟ್ಕೆನ್ 1880ರಲ್ಲಿ ಇದನ್ನು ಪ್ರಯೋಗ ಮಾಡಿ ತೋರಿಸಿದರು. ಮಾಮೂಲಿ ಗಾಳಿಗೆ ಹಬೆ ಬಿಟ್ಟರೆ ದಟ್ಟ ಮಂಜಾಯಿತು. ಅದೇ ಗಾಳಿಯನ್ನು ಹತ್ತಿಯಲ್ಲಿ ಸೋಸಿ ದೂಳು ತೆಗೆದು ಹಬೆ ಬಿಟ್ಟರೆ ಮಂಜು ಕಟ್ಟಲೇ ಇಲ್ಲ.

ದೂಳಿಲ್ಲದ ಗಾಳಿಯಲ್ಲಿ ಹನಿಗೆ ಇನ್ನೇನಾದರೂ ನೆಲೆಯಾಗಬಲ್ಲದೇ? ಈ ಪ್ರಶ್ನೆಗೆ ಸಿಕ್ಕ ಉತ್ತರವೇ ಕ್ಲೌಡ್ ಚೇಂಬರ್. ಮೋಡ ಕಟ್ಟಿಸುವ ಪೆಟ್ಟಿಗೆ ಅದು. ಪರಮಾಣುವಿನ ಒಳಗಿಂದ ಸಿಡಿದು ಬರುವ ಕಣಗಳು ಓಡಿದ ದಾರಿಯನ್ನು ಮನುಷ್ಯನ ಕಣ್ಣಿಗೆ ಮೊದಲು ತೋರಿಸಿದ ಸಾಧನ. ನೂರು ವರ್ಷ ದಾಟಿದ ಈ ಸಾಧನ ಕಲಬುರಗಿ ಜಿಲ್ಲೆಯ ಈ ಮೂರು ತಾಲ್ಲೂಕುಗಳ ಮಕ್ಕಳಿಗೆ ಇವತ್ತು ಬಹಳ ಬೇಕಾಗಿದೆ ಎಂಬುದು ಈ ಲೇಖನದ ವಾದ. ಕಾರಣ ನಮ್ಮ ನೆಲದಲ್ಲೇ ಇದೆ.

ಬೆಟ್ಟದ ಮೋಡದಿಂದ ಗಾಜಿನ ಬುರುಡೆಗೆ

1894ರ ಸೆಪ್ಟೆಂಬರಿನಲ್ಲಿ ಸಿ.ಟಿ.ಆರ್. ವಿಲ್ಸನ್ ಎಂಬ ಸ್ಕಾಟಿಷ್ ಯುವಕ ಬೆನ್ ನೆವಿಸ್ ಬೆಟ್ಟದ ಮೇಲಿನ ಹವಾಮಾನ ಕೇಂದ್ರದಲ್ಲಿ ಎರಡು ವಾರ ಕೆಲಸ ಮಾಡಿದರು. ಕೆಳಗೆ ಹರಡಿದ ಮೋಡದ ಮೇಲೆ ಬೆಟ್ಟದ ನೆರಳು ಬೀಳುತ್ತಿತ್ತು, ಆ ನೆರಳಿನ ಸುತ್ತ ಬಣ್ಣದ ಬಳೆಗಳು ಮೂಡುತ್ತಿದ್ದವು. ಆ ಬಣ್ಣ ಹೇಗೆ ಹುಟ್ಟುತ್ತದೆ ಎಂದು ತಿಳಿಯುವ ಹಂಬಲದಿಂದ ಅವರು 1895ರಲ್ಲಿ ಕೇಂಬ್ರಿಜ್‌ನ ಕ್ಯಾವೆಂಡಿಷ್ ಪ್ರಯೋಗಾಲಯದಲ್ಲಿ ಗಾಜಿನ ಪಾತ್ರೆಯೊಳಗೆ ಮೋಡ ಕಟ್ಟಿಸಲು ಕೂತರು.

ಅವರ ವಿಧಾನ ಸರಳ. ತೇವದ ಗಾಳಿಯನ್ನು ಪಾತ್ರೆಯಲ್ಲಿ ಮುಚ್ಚಿಟ್ಟು, ಅದರ ಜಾಗವನ್ನು ಒಮ್ಮೆಗೇ ಹಿಗ್ಗಿಸುವುದು. ಹಿಗ್ಗಿದ ಗಾಳಿ ಥಟ್ಟನೆ ತಣ್ಣಗಾಗುತ್ತದೆ. ತಣ್ಣಗಿನ ಗಾಳಿ ಅಷ್ಟು ಆವಿಯನ್ನು ಹೊರಲಾರದು. ಹೆಚ್ಚಾದ ಆವಿ ಹನಿಯಾಗಲು ಕಾದಿರುತ್ತದೆ. ಈ ಸ್ಥಿತಿಗೆ ಅತಿಪರ್ಯಾಪ್ತ ಸ್ಥಿತಿ ಎನ್ನುತ್ತಾರೆ. ಒಂದೇ ಗಾಳಿಯನ್ನು ಮತ್ತೆ ಮತ್ತೆ ಹಿಗ್ಗಿಸಿ, ಪ್ರತಿ ಸಲ ಕಟ್ಟಿದ ಮಂಜನ್ನು ಕೆಳಗಿಳಿಯಲು ಬಿಟ್ಟರೆ ದೂಳೆಲ್ಲ ಹನಿಗಳ ಜೊತೆ ತಳಕ್ಕೆ ಹೋಗುತ್ತದೆ. ಆಮೇಲೆ ಮೋಡ ಕಟ್ಟಬಾರದಿತ್ತು. ಆದರೆ ಗಾಳಿಯ ಜಾಗವನ್ನು ಕಾಲುಪಾಲು, ಅಂದರೆ 1.25 ಪಟ್ಟು ಹಿಗ್ಗಿಸಿದಾಗ ಕೆಲವೇ ಕೆಲವು ಹನಿಗಳು ಹುಟ್ಟಿಯೇ ಹುಟ್ಟಿದವು. ಪ್ರತಿ ಸಲವೂ ಹುಟ್ಟಿದವು.

ಆಗಷ್ಟೇ ಎಕ್ಸ್‌-ರೇ ಪತ್ತೆಯಾಗಿತ್ತು. 1896ರಲ್ಲಿ ವಿಲ್ಸನ್ ತಮ್ಮ ಪಾತ್ರೆಯ ಮೇಲೆ ಎಕ್ಸ್‌-ರೇ ಹಾಯಿಸಿದರು. ಕೆಲವೇ ಹನಿಗಳಿದ್ದಲ್ಲಿ ದಟ್ಟ ಮಂಜು ತುಂಬಿಕೊಂಡಿತು. ಎಕ್ಸ್‌-ರೇ ಗಾಳಿಯ ಅಣುಗಳಿಂದ ಎಲೆಕ್ಟ್ರಾನನ್ನು ಕಿತ್ತು, ವಿದ್ಯುದಾವೇಶ ಇರುವ ತುಣುಕುಗಳನ್ನಾಗಿ ಮಾಡುತ್ತದೆ. ಈ ತುಣುಕುಗಳೇ ಅಯಾನುಗಳು. ದೂಳು ಇಲ್ಲದಲ್ಲಿ ಹನಿಗೆ ನೆಲೆಯಾದದ್ದು ಅಯಾನು ಎಂಬುದು ಖಚಿತವಾಯಿತು.

ಅಯಾನೇ ಯಾಕೆ? ಬಹಳ ಪುಟ್ಟ ಹನಿಯ ಮೈ ಬಹಳ ಬಾಗಿರುತ್ತದೆ. ಹೊರಮೈಯಲ್ಲಿರುವ ಅಣುವನ್ನು ಹಿಡಿದಿಡಲು ಅಕ್ಕಪಕ್ಕದಲ್ಲಿ ಸಾಕಷ್ಟು ಅಣುಗಳಿರುವುದಿಲ್ಲ. ಹಾಗಾಗಿ ಹನಿ ದೊಡ್ಡದಾಗುವ ಮೊದಲೇ ಮತ್ತೆ ಆವಿಯಾಗಿ ಚೆದರುತ್ತದೆ. ನಡುವೆ ಒಂದು ವಿದ್ಯುದಾವೇಶ ಕೂತಿದ್ದರೆ ಅದು ಸುತ್ತಲಿನ ಅಣುಗಳನ್ನು ತನ್ನತ್ತ ಸೆಳೆದು ಹಿಡಿಯುತ್ತದೆ. ಆ ಅಪಾಯದ ಹಂತ ದಾಟಿದ ಹನಿ ತಾನಾಗಿ ಬೆಳೆಯುತ್ತದೆ, ಕಣ್ಣಿಗೆ ಕಾಣುವಷ್ಟು ದೊಡ್ಡದಾಗುತ್ತದೆ.

ಇಷ್ಟಾದ ಮೇಲೆ ಮುಂದಿನ ಹೆಜ್ಜೆಗೆ ವಿಲ್ಸನ್‌ಗೆ ಸುಮಾರು ಹದಿನೈದು ವರ್ಷ ಹಿಡಿಯಿತು. ವಿಕಿರಣದ ಒಂದೊಂದು ಕಣವೂ ತಾನು ಹೋದ ದಾರಿಯುದ್ದಕ್ಕೂ ಅಯಾನುಗಳನ್ನು ಬಿಟ್ಟು ಹೋಗುವುದಾದರೆ, ಆ ಅಯಾನುಗಳು ಚೆದರುವ ಮೊದಲೇ ಹನಿ ಕಟ್ಟಿಸಿ ಫೋಟೊ ತೆಗೆದರೆ ದಾರಿಯೇ ಕಾಣಬೇಕಲ್ಲ? 1911ರಲ್ಲಿ ಅದು ಕಂಡಿತು. ಆಲ್ಫಾ ಕಣಗಳ ದಪ್ಪ ಗೆರೆ, ಬೀಟಾ ಕಣಗಳ ಸಣ್ಣ ಎಳೆ ಎರಡೂ ಫೋಟೊದಲ್ಲಿ ಮೂಡಿದವು. 1927ರಲ್ಲಿ ವಿಲ್ಸನ್‌ಗೆ ನೊಬೆಲ್ ಬಂತು.

ಇಲ್ಲಿ ಒಂದು ಮಾತನ್ನು ಬಿಡಿಸಿ ಹೇಳಬೇಕು. ಚೇಂಬರಿನಲ್ಲಿ ನಮಗೆ ಕಾಣುವುದು ಕಣವಲ್ಲ. ಕಣ ಬಂದು ಹೋಗಿ ಆಗಿರುತ್ತದೆ. ಮಳೆ ನಿಂತ ಮೇಲೆ ಎರೆಹೊಲದಲ್ಲಿ ನಡೆದು ಹೋದವರ ಕಾಲ್ಗುರುತು ಉಳಿಯುವ ಹಾಗೆ, ಅದು ತುಳಿದ ದಾರಿ ಮಾತ್ರ ಉಳಿದಿರುತ್ತದೆ. ಹೆಜ್ಜೆಯ ಆಳ, ಅಂತರ ನೋಡಿ ಹೋದವರು ಭಾರ ಹೊತ್ತಿದ್ದರೋ, ಓಡಿದರೋ ಎಂದು ಹೊಲದವರು ಹೇಳಬಲ್ಲರು. ಗೆರೆಯ ದಪ್ಪ, ಉದ್ದ, ಬಾಗು ನೋಡಿ ವಿಜ್ಞಾನಿಗಳು ಕಣದ ಗುರುತು ಹೇಳುವುದೂ ಹೀಗೆಯೇ.

ಕತ್ತಲೆ ಕೋಣೆಯಲ್ಲಿ ಏನು ಕಾಣುತ್ತದೆ

ವಿಲ್ಸನ್ನರ ಚೇಂಬರ್ ಹಿಗ್ಗಿದ ಒಂದು ಗಳಿಗೆ ಮಾತ್ರ ಕೆಲಸ ಮಾಡುತ್ತಿತ್ತು. ಬಿಡುವಿಲ್ಲದೆ ತೋರಿಸುವ ಬಗೆಯನ್ನು ಅಮೆರಿಕದ ಅಲೆಕ್ಸಾಂಡರ್ ಲ್ಯಾಂಗ್ಸ್‌ಡಾರ್ಫ್ 1930ರ ದಶಕದ ಕೊನೆಗೆ ರೂಪಿಸಿದರು. ಶಾಲೆಯಲ್ಲಿ ಮಾಡಬಹುದಾದದ್ದು ಈ ಬಗೆಯದು. ಇದರಲ್ಲಿ ಪಂಪಿಲ್ಲ, ಹಿಗ್ಗುವ ಭಾಗವಿಲ್ಲ.

ಗಾಜಿನ ಅಥವಾ ಪಾರದರ್ಶಕ ಪ್ಲಾಸ್ಟಿಕ್ಕಿನ ಪೆಟ್ಟಿಗೆ. ಅದರ ಒಳಗೆ ಮೇಲ್ಭಾಗದ ಸುತ್ತ ಅಂಟಿಸಿದ ಉಣ್ಣೆಬಟ್ಟೆಯ ಪಟ್ಟಿ. ಆ ಪಟ್ಟಿಗೆ ಐಸೋಪ್ರೊಪೈಲ್ ಆಲ್ಕೊಹಾಲ್ ಕುಡಿಸಿರುತ್ತಾರೆ. ತಳಕ್ಕೆ ಕಪ್ಪು ಬಣ್ಣ ಬಳಿದ ಅಲ್ಯೂಮಿನಿಯಂ ತಗಡು, ತಗಡಿನ ಕೆಳಗೆ ಡ್ರೈ ಐಸ್. ಡ್ರೈ ಐಸ್ ಎಂದರೆ ಮೈನಸ್ 78 ಡಿಗ್ರಿ ಸೆಲ್ಸಿಯಸ್‌ನಲ್ಲಿರುವ ಘನ ಇಂಗಾಲದ ಡೈಆಕ್ಸೈಡ್. ಮೇಲಿನ ಬೆಚ್ಚಗಿನ ಪಟ್ಟಿಯಿಂದ ಆಲ್ಕೊಹಾಲ್ ಆವಿಯಾಗಿ ಕೆಳಗಿಳಿಯುತ್ತದೆ. ಗಾಳಿಗಿಂತ ಭಾರವಾದ್ದರಿಂದ ಅದು ತಳಕ್ಕೇ ಹೋಗುತ್ತದೆ, ಹೋಗ್ತಾ ಹೋಗ್ತಾ ತಣ್ಣಗಾಗುತ್ತದೆ. ತಗಡಿನಿಂದ ಒಂದೆರಡು ಸೆಂಟಿಮೀಟರ್ ಎತ್ತರದವರೆಗಿನ ಪದರದಲ್ಲಿ ಆವಿ ಅತಿಪರ್ಯಾಪ್ತವಾಗುತ್ತದೆ. ನೋಡಬೇಕಾದ ಜಾಗ ಅದಷ್ಟೇ.

ಕೋಣೆಯ ದೀಪ ಆರಿಸಿ, ಪೆಟ್ಟಿಗೆಯ ಪಕ್ಕದಿಂದ ತಗಡಿಗೆ ಸಮಾನಾಂತರವಾಗಿ ಟಾರ್ಚ್ ಬಿಡಬೇಕು. ಮೊದಮೊದಲು ಏನೂ ಕಾಣುವುದಿಲ್ಲ. ಆಮೇಲೆ ತಗಡಿನ ಮೇಲೆ ಬಹಳ ಸಣ್ಣ ಹನಿಗಳ ಜಿನುಗು ಸುರಿಯತೊಡಗುತ್ತದೆ. ಹತ್ತು ಹದಿನೈದು ನಿಮಿಷಕ್ಕೆ ಒಳಗಿನ ತಾಪ ಒಂದು ಹದಕ್ಕೆ ಬಂದಾಗ ಕಪ್ಪು ಹಿನ್ನೆಲೆಯಲ್ಲಿ ಬಿಳಿ ಗೆರೆಯೊಂದು ಇದ್ದಕ್ಕಿದ್ದಂತೆ ಮೂಡುತ್ತದೆ. ಒಂದೆರಡು ಸೆಕೆಂಡಿನಲ್ಲಿ ಅದು ಸಡಿಲವಾಗಿ, ತೇಲಿ, ತಳಕ್ಕಿಳಿದು ಇಲ್ಲವಾಗುತ್ತದೆ. ಅಷ್ಟರಲ್ಲಿ ಇನ್ನೊಂದು ಮೂಲೆಯಲ್ಲಿ ಮತ್ತೊಂದು.

ಗೆರೆಗಳನ್ನು ಓದಲು ಕಲಿಯುವುದಕ್ಕೆ ಹೆಚ್ಚು ಹೊತ್ತು ಬೇಕಿಲ್ಲ. ಮೂರ್ನಾಲ್ಕು ಸೆಂಟಿಮೀಟರ್ ಉದ್ದದ, ದಪ್ಪನೆಯ, ನೆಟ್ಟಗಿನ ಗೆರೆ ಆಲ್ಫಾ ಕಣದ್ದು. ಎರಡು ಪ್ರೋಟಾನ್, ಎರಡು ನ್ಯೂಟ್ರಾನ್ ಸೇರಿದ ಭಾರದ ಕಣ ಅದು. ಗಾಳಿಯಲ್ಲಿ ಒಂದು ಜೊತೆ ಅಯಾನು ಹುಟ್ಟಿಸಲು ಸುಮಾರು 35 ಎಲೆಕ್ಟ್ರಾನ್ ವೋಲ್ಟ್ ಶಕ್ತಿ ಖರ್ಚಾಗುತ್ತದೆ. ಐವತ್ತು ಲಕ್ಷ ಎಲೆಕ್ಟ್ರಾನ್ ವೋಲ್ಟ್ ಶಕ್ತಿ ಹೊತ್ತು ಹೊರಟ ಆಲ್ಫಾ ಕಣ ಆ ನಾಲ್ಕು ಸೆಂಟಿಮೀಟರ್ ಒಳಗೇ ಒಂದೂವರೆ ಲಕ್ಷದಷ್ಟು ಅಯಾನು ಜೋಡಿಗಳನ್ನು ಹುಟ್ಟಿಸಿ ನಿಂತುಬಿಡುತ್ತದೆ. ಗೆರೆ ಅಷ್ಟು ದಪ್ಪಗಿರುವುದಕ್ಕೆ, ಅಷ್ಟು ಗಿಡ್ಡವಾಗಿರುವುದಕ್ಕೆ ಎರಡಕ್ಕೂ ಇದೇ ಕಾರಣ.

ಕೂದಲೆಳೆಯಂತೆ ಸಣ್ಣಗೆ, ಅಲ್ಲಲ್ಲಿ ಬಾಗಿ ಸುತ್ತಿಕೊಂಡು ಹೋಗುವ ಗೆರೆ ಬೀಟಾ ಕಣದ್ದು, ಅಂದರೆ ಎಲೆಕ್ಟ್ರಾನಿನದು. ಹಗುರಾದ್ದರಿಂದ ಪ್ರತಿ ಡಿಕ್ಕಿಯಲ್ಲೂ ಅದರ ದಿಕ್ಕು ಬದಲಾಗುತ್ತದೆ. ಪೆಟ್ಟಿಗೆಯ ಒಂದು ಗೋಡೆಯಿಂದ ಇನ್ನೊಂದು ಗೋಡೆಗೆ ಸಣ್ಣಗೆ, ಬಾಣದಷ್ಟು ನೇರವಾಗಿ ಹಾಯ್ದುಹೋದ ಗೆರೆ ಬಹುಮಟ್ಟಿಗೆ ಮ್ಯೂಯಾನಿನದು. ಇದು ನೆಲದ್ದಲ್ಲ. ಬಾಹ್ಯಾಕಾಶದಿಂದ ಬರುವ ವಿಶ್ವಕಿರಣಗಳು ಸುಮಾರು 15 ಕಿಲೋಮೀಟರ್ ಎತ್ತರದಲ್ಲಿ ಗಾಳಿಯ ಪರಮಾಣುಗಳಿಗೆ ಬಡಿದಾಗ ಹುಟ್ಟಿದ ಕಣ. ಸಮುದ್ರಮಟ್ಟದಲ್ಲಿ ಪ್ರತಿ ಚದರ ಸೆಂಟಿಮೀಟರ್ ಮೂಲಕ ನಿಮಿಷಕ್ಕೆ ಸುಮಾರು ಒಂದರಂತೆ ಮ್ಯೂಯಾನ್ ಹಾಯುತ್ತದೆ. ಅದರ ಸರಾಸರಿ ಆಯುಷ್ಯ ಒಂದು ಸೆಕೆಂಡಿನ ಹತ್ತು ಲಕ್ಷ ಭಾಗಗಳಲ್ಲಿ 2.2 ಭಾಗ ಮಾತ್ರ. ಬೆಳಕಿನ ವೇಗದಲ್ಲಿ ಓಡಿದರೂ ಅಷ್ಟು ಹೊತ್ತಿನಲ್ಲಿ ಮುಕ್ಕಾಲು ಕಿಲೋಮೀಟರ್ ಕೂಡ ಸಾಗದು. ಆದರೂ ಅಫಜಲಪುರದ ತರಗತಿಯವರೆಗೆ ಅದು ಬರುತ್ತದೆ. ವೇಗವಾಗಿ ಓಡುವ ವಸ್ತುವಿಗೆ ಕಾಲ ನಿಧಾನವಾಗುತ್ತದೆ ಎಂದು ಐನ್‌ಸ್ಟೈನ್ ಹೇಳಿದ್ದಕ್ಕೆ ಬೆಂಚಿನ ಮೇಲೆಯೇ ಸಿಗುವ ಸಾಕ್ಷಿ ಅದು.

ಗ್ಯಾಸ್‌ಬತ್ತಿಯ ಮ್ಯಾಂಟಲ್‌, ಗಾಳಿ ತುಂಬಿದ ಬಲೂನು

ಹೊರಗಿನಿಂದ ಏನನ್ನೂ ತರದಿದ್ದರೂ ಚೇಂಬರಿನಲ್ಲಿ ಗೆರೆಗಳು ಕಾಣುತ್ತಲೇ ಇರುತ್ತವೆ. ಆದರೆ ಎರಡು ಪ್ರಯೋಗ ಮಾಡಿದರೆ ಪಾಠ ಪೂರ್ತಿಯಾಗುತ್ತದೆ.

ಮೊದಲನೆಯದು ಗ್ಯಾಸ್‌ಬತ್ತಿಯದು. ಕರೆಂಟ್ ಎಲ್ಲ ಕಡೆ ಬರುವ ಮೊದಲು ಜಾತ್ರೆಯ ಅಂಗಡಿ ಸಾಲು, ಮದುವೆಯ ಮೆರವಣಿಗೆ, ಬಯಲಾಟದ ರಂಗ ಇವೆಲ್ಲಕ್ಕೂ ಬೆಳಕು ಕೊಟ್ಟದ್ದು ಪೆಟ್ರೋಮ್ಯಾಕ್ಸ್. ಅದರ ಬೆಳ್ಳನೆಯ ಬೆಳಕಿನ ಗುಟ್ಟು ಮ್ಯಾಂಟಲ್ಲಿನಲ್ಲಿತ್ತು. ಆಸ್ಟ್ರಿಯಾದ ಔಯರ್ ಫಾನ್ ವೆಲ್ಸ್‌ಬಾಖ್ ರೂಪಿಸಿದ ಮ್ಯಾಂಟಲ್ಲಿನ ಬೂದಿಯಲ್ಲಿ ಶೇ 99ರಷ್ಟು ಥೋರಿಯಂ ಆಕ್ಸೈಡ್, ಶೇ 1ರಷ್ಟು ಸೀರಿಯಂ ಆಕ್ಸೈಡ್. ನಮ್ಮ ದೇಶದಲ್ಲಿ ಇದಕ್ಕೆ ಬೇಕಾದ ಥೋರಿಯಂ ಬಂದದ್ದು ಕೇರಳ, ತಮಿಳುನಾಡಿನ ಕಡಲತೀರದ ಮೊನಜೈಟ್ ಮರಳಿನಿಂದ. ಈಗ ಮಾರಾಟವಾಗುವ ಎಲ್ಲ ಮ್ಯಾಂಟಲ್‌ಗಳಲ್ಲಿ ಥೋರಿಯಂ ಇರುವುದಿಲ್ಲ. ಹಳೆಯ ದಾಸ್ತಾನಿನಲ್ಲಿ ಸಿಗುತ್ತದೆ.

ಥೋರಿಯಂ ಇರುವ ಮ್ಯಾಂಟಲ್ಲನ್ನು ಮೆತ್ತನೆಯ ಪ್ಲಾಸ್ಟಿಕ್ ಬಾಟಲಿಯಲ್ಲಿ ಹಾಕಿ ಮುಚ್ಚಿಟ್ಟು, ಸ್ವಲ್ಪ ಹೊತ್ತಿನ ನಂತರ ಬಾಟಲಿ ಒತ್ತಿ ಅದರೊಳಗಿನ ಗಾಳಿಯನ್ನು ಮಾತ್ರ ಚೇಂಬರಿಗೆ ಊದಿದರೆ ಒಳಗೆ ಇಂಗ್ಲಿಷಿನ ವಿ ಅಕ್ಷರದಂಥ ಗೆರೆಗಳು ಮೂಡುತ್ತವೆ. ಥೋರಿಯಂ ಸರಣಿಯಲ್ಲಿ ಥೋರಾನ್ ಎಂಬ ಅನಿಲ ಹುಟ್ಟುತ್ತದೆ. ಅದರ ಅರ್ಧಾಯು, ಅಂದರೆ ಇದ್ದ ಪರಮಾಣುಗಳಲ್ಲಿ ಅರ್ಧದಷ್ಟು ಒಡೆಯಲು ಹಿಡಿಯುವ ಕಾಲ, 55.6 ಸೆಕೆಂಡು. ಥೋರಾನ್ ಪರಮಾಣು ಒಂದು ಆಲ್ಫಾ ಕಣ ಉಗುಳಿ ಪೊಲೋನಿಯಂ-216 ಆಗುತ್ತದೆ. ಪೊಲೋನಿಯಮ್ಮಿನ ಅರ್ಧಾಯು ಒಂದು ಸೆಕೆಂಡಿನ ಏಳನೇ ಒಂದು ಭಾಗದಷ್ಟು. ಅದು ನಿಂತ ಜಾಗದಿಂದ ಕದಲುವ ಮೊದಲೇ ಎರಡನೆಯ ಆಲ್ಫಾ ಕಣವನ್ನು ಬೇರೆ ದಿಕ್ಕಿಗೆ ಸಿಡಿಸುತ್ತದೆ. ಎರಡು ಗೆರೆಗಳು ಒಂದೇ ಬಿಂದುವಿನಿಂದ ಹೊರಡುತ್ತವೆ. ಒಂದು ಧಾತು ಇನ್ನೊಂದಾಗಿ, ಅದು ಮತ್ತೊಂದಾಗುವುದನ್ನು ಹೀಗೆ ಬರಿಗಣ್ಣಿನಲ್ಲಿ ನೋಡಬಹುದು.

ಎರಡನೆಯದಕ್ಕೆ ಬೇಕಾದದ್ದು ಒಂದು ರಬ್ಬರ್ ಬಲೂನು. ಊದಿದ ಬಲೂನನ್ನು ಉಣ್ಣೆಗೆ ಚೆನ್ನಾಗಿ ಉಜ್ಜಿ, ಕಿಟಕಿ ಬಾಗಿಲು ಮುಚ್ಚಿದ ಕೋಣೆಯಲ್ಲಿ ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆ ತೂಗುಹಾಕಬೇಕು. ನೆಲದ, ಗೋಡೆಯ ಕಲ್ಲಿನಲ್ಲಿ ಬಹಳ ಅಲ್ಪ ಪ್ರಮಾಣದಲ್ಲಿ ಯುರೇನಿಯಂ ಇದ್ದೇ ಇರುತ್ತದೆ. ಅದರಿಂದ ಹುಟ್ಟುವ ರೇಡಾನ್ ಅನಿಲ ಕೋಣೆಯ ಗಾಳಿಗೆ ಸೇರುತ್ತದೆ. ರೇಡಾನಿನಿಂದ ಮುಂದೆ ಹುಟ್ಟುವ ಧಾತುಗಳು ವಿದ್ಯುದಾವೇಶ ಹೊತ್ತು ಗಾಳಿಯ ಸಣ್ಣ ದೂಳಿಗೆ ಅಂಟಿಕೊಂಡು ತೇಲುತ್ತಿರುತ್ತವೆ. ಉಜ್ಜಿದ ಬಲೂನು ಅವನ್ನು ಸೆಳೆದುಕೊಳ್ಳುತ್ತದೆ. ಆಮೇಲೆ ಬಲೂನಿನ ಗಾಳಿ ಬಿಟ್ಟು ಚೇಂಬರಿನೊಳಗೆ ಇಟ್ಟರೆ ಅದರ ಸುತ್ತ ಆಲ್ಫಾ ಗೆರೆಗಳು ಹೆಚ್ಚುತ್ತವೆ. ಐದೈದು ನಿಮಿಷಕ್ಕೊಮ್ಮೆ ಎಣಿಸುತ್ತ ಹೋದರೆ ಗೆರೆಗಳ ಸಂಖ್ಯೆ ಇಳಿಯುವುದೂ ಕಾಣುತ್ತದೆ. ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆಯೊಳಗೆ ಅದು ಅರ್ಧದ ಸುಮಾರಿಗೆ ಬಂದಿರುತ್ತದೆ. ಅರ್ಧಾಯು ಎಂಬುದನ್ನು ಪುಸ್ತಕದಲ್ಲಿ ಬಾಯಿಪಾಠ ಮಾಡಿದವರಿಗೂ, ಹೀಗೆ ಎಣಿಸಿ ಗ್ರಾಫ್ ಹಾಳೆಯಲ್ಲಿ ಚುಕ್ಕೆ ಇಟ್ಟವರಿಗೂ ಬಹಳ ವ್ಯತ್ಯಾಸವಿದೆ.

ಬೇಳೆಯಲ್ಲೂ ಇದೆ, ಗೋಗಿಯಲ್ಲೂ ಇದೆ

ವಿಕಿರಣ ಎಂದ ಕೂಡಲೇ ನಮಗೆ ನೆನಪಾಗುವುದು ಬಾಂಬು, ಅಣು ಸ್ಥಾವರ, ಆಸ್ಪತ್ರೆಯ ಎಕ್ಸ್‌-ರೇ ಕೋಣೆ. ನಮ್ಮ ಊಟದ ತಟ್ಟೆ ನೆನಪಾಗುವುದಿಲ್ಲ. ಭೌಗೋಳಿಕ ಗುರುತಿನ ಮಾನ್ಯತೆ ಪಡೆದ ಕಲಬುರಗಿಯ ತೊಗರಿ ಬೇಳೆಯನ್ನೇ ತೆಗೆದುಕೊಳ್ಳಿ. ಒಂದು ಕಿಲೋ ತೊಗರಿಯಲ್ಲಿ ಸುಮಾರು 14 ಗ್ರಾಂ ಪೊಟ್ಯಾಸಿಯಂ ಇರುತ್ತದೆ. ನಿಸರ್ಗದಲ್ಲಿರುವ ಪೊಟ್ಯಾಸಿಯಮ್ಮಿನ ಪ್ರತಿ ಹತ್ತು ಸಾವಿರ ಪರಮಾಣುಗಳಲ್ಲಿ ಒಂದಕ್ಕಿಂತ ತುಸು ಹೆಚ್ಚು ಪರಮಾಣು ವಿಕಿರಣಶೀಲವಾದ ಪೊಟ್ಯಾಸಿಯಂ-40. ಲೆಕ್ಕ ಹಾಕಿದರೆ ಒಂದು ಕಿಲೋ ಬೇಳೆಯಲ್ಲಿ ಪ್ರತಿ ಸೆಕೆಂಡಿಗೆ 400ರಷ್ಟು ಪರಮಾಣುಗಳು ಒಡೆಯುತ್ತಿರುತ್ತವೆ. ಉಣ್ಣುವ ನಮ್ಮ ಮೈಯಲ್ಲೂ ಇದೇ ಪೊಟ್ಯಾಸಿಯಂ ಇದೆ. ದೊಡ್ಡವರ ದೇಹದಲ್ಲಿ ಸೆಕೆಂಡಿಗೆ 4,000ದಷ್ಟು ಪರಮಾಣುಗಳು ಒಡೆಯುತ್ತವೆ. ಬೇಳೆ ತಿಂದದ್ದರಿಂದ ಇದು ಏರುತ್ತ ಹೋಗುವುದಿಲ್ಲ. ದೇಹ ತನಗೆ ಬೇಕಾದಷ್ಟೇ ಪೊಟ್ಯಾಸಿಯಂ ಇಟ್ಟುಕೊಂಡು ಉಳಿದದ್ದನ್ನು ಹೊರಹಾಕುತ್ತದೆ. ಮನುಷ್ಯಕುಲ ಹುಟ್ಟಿದಂದಿನಿಂದ ಈ ವಿಕಿರಣದ ಜೊತೆಗೇ ಬದುಕಿದೆ.

ನೆಲದ ಕತೆ ಊರಿಂದೂರಿಗೆ ಬೇರೆ. ಆಳಂದದ ಎರೆಮಣ್ಣಿನ ಕೆಳಗಿರುವುದು ಸುಮಾರು 6.6 ಕೋಟಿ ವರ್ಷಗಳ ಹಿಂದೆ ಲಾವಾ ಹರಿದು ಹೆಪ್ಪುಗಟ್ಟಿದ ಬಸಾಲ್ಟ್ ಕಲ್ಲು. ಇದರಲ್ಲಿ ಯುರೇನಿಯಂ, ಥೋರಿಯಂ ಬಹಳ ಕಡಿಮೆ. ದಕ್ಷಿಣಕ್ಕೆ ಜೇವರ್ಗಿಯತ್ತ ಬಂದರೆ ಭೀಮಾ ಕಣಿವೆಯ ಸುಣ್ಣಕಲ್ಲು ಸಿಗುತ್ತದೆ; ಮನೆಮನೆಯ ನೆಲಕ್ಕೆ ಹಾಸಿದ ಶಹಾಬಾದ್ ಕಲ್ಲು ಇದೇ ಸಂತತಿಯದು. ಇನ್ನೂ ದಕ್ಷಿಣಕ್ಕೆ ಹೋದರೆ ಗ್ರಾನೈಟ್. ಗ್ರಾನೈಟಿನಲ್ಲಿ ಬಸಾಲ್ಟಿಗಿಂತ ಹಲವು ಪಟ್ಟು ಹೆಚ್ಚು ಯುರೇನಿಯಂ ಇರುತ್ತದೆ.

ಈ ಸುಣ್ಣಕಲ್ಲೂ ಗ್ರಾನೈಟೂ ಸೇರುವ ಕಡೆ, ಜೇವರ್ಗಿಗೆ ಹೊಂದಿಕೊಂಡ ಶಹಾಪುರ ತಾಲ್ಲೂಕಿನಲ್ಲಿ ಗೋಗಿ ಇದೆ. ಈಗ ಯಾದಗಿರಿ ಜಿಲ್ಲೆಗೆ ಸೇರಿದ ಈ ಊರು ಹಿಂದೆ ಗುಲಬರ್ಗಾ ಜಿಲ್ಲೆಯಲ್ಲೇ ಇತ್ತು. 1990ರ ದಶಕದಲ್ಲಿ ಪರಮಾಣು ಖನಿಜ ನಿರ್ದೇಶನಾಲಯದ ಭೂವಿಜ್ಞಾನಿಗಳು ಗೋಗಿಯ ನೆಲದಡಿ, ಬಂಡೆ ಬಿರಿದ ಸ್ತರಭಂಗದ ಉದ್ದಕ್ಕೂ ಯುರೇನಿಯಂ ನಿಕ್ಷೇಪ ಪತ್ತೆ ಮಾಡಿದರು. ಕಾಫಿನೈಟ್, ಪಿಚ್‌ಬ್ಲೆಂಡ್ ಎಂಬ ಖನಿಜಗಳ ರೂಪದಲ್ಲಿ ಅದು ಸುಣ್ಣಕಲ್ಲಿನಲ್ಲೂ ಕೆಳಗಿನ ಗ್ರಾನೈಟಿನಲ್ಲೂ ಇದೆ. ಅಲ್ಲಿ ಪರಿಶೋಧನೆಗಾಗಿ ಗಣಿ ತೋಡಿದಾಗ ಊರವರು ಬಾವಿಯ ನೀರು, ಹೊಲ, ಮಕ್ಕಳ ಆರೋಗ್ಯದ ಬಗ್ಗೆ ಆತಂಕ ಹೇಳಿಕೊಂಡರು. ಆ ಆತಂಕ ಸಹಜವಾದದ್ದು, ಗೌರವದಿಂದ ಕೇಳಿಸಿಕೊಳ್ಳಬೇಕಾದದ್ದು.

ಆದರೆ ಕಣ್ಣಿಗೆ ಕಾಣದ ವಸ್ತುವಿನ ಬಗ್ಗೆ ಮಾತು ಎರಡೇ ದಿಕ್ಕಿಗೆ ಹೋಗುತ್ತದೆ. ಒಂದು ಕಡೆ ಎಲ್ಲದಕ್ಕೂ ವಿಕಿರಣವೇ ಕಾರಣ ಎಂಬ ಗಾಳಿಸುದ್ದಿ, ಇನ್ನೊಂದು ಕಡೆ ಏನೂ ಆಗುವುದಿಲ್ಲ, ಸುಮ್ಮನಿರಿ ಎಂಬ ಸಮಾಧಾನ. ಎರಡರಲ್ಲೂ ಲೆಕ್ಕವಿಲ್ಲ. ಯಾವ ಕಣ, ಎಷ್ಟು, ಎಲ್ಲಿಂದ, ದೇಹದ ಹೊರಗೋ ಒಳಗೋ ಎಂದು ಕೇಳಬೇಕಾದ ಪ್ರಶ್ನೆಗಳು ಹಿಂದೆ ಉಳಿಯುತ್ತವೆ. ಆಲ್ಫಾ ಕಣವನ್ನು ಒಂದು ಹಾಳೆ ಕಾಗದ ತಡೆಯುತ್ತದೆ. ಅದೇ ಆಲ್ಫಾ ಉಗುಳುವ ಧಾತು ಉಸಿರಿನಲ್ಲಿ ಒಳಹೋದರೆ ಪುಪ್ಪುಸದ ಜೀವಕೋಶಗಳ ಪಕ್ಕದಲ್ಲೇ ತನ್ನ ಶಕ್ತಿಯನ್ನೆಲ್ಲ ಸುರಿಯುತ್ತದೆ. ಚೇಂಬರಿನಲ್ಲಿ ಆ ಗಿಡ್ಡ, ದಪ್ಪ ಗೆರೆಯನ್ನು ನೋಡಿದ ಹುಡುಗಿಗೆ ಈ ಎರಡೂ ಮಾತು ಏಕಕಾಲಕ್ಕೆ ಹೇಗೆ ನಿಜ ಎಂದು ಬಿಡಿಸಿ ಹೇಳಬೇಕಾಗಿಲ್ಲ. ನಾಲ್ಕು ಸೆಂಟಿಮೀಟರಿನಲ್ಲಿ ಒಂದೂವರೆ ಲಕ್ಷ ಪೆಟ್ಟು ಬಿದ್ದ ಗುರುತನ್ನು ಅವಳು ನೋಡಿರುತ್ತಾಳೆ.

ಚೇಂಬರಿಗೆ ಮಿತಿಗಳೂ ಇವೆ. ಬಾವಿ ನೀರಿನಲ್ಲಿ ಯುರೇನಿಯಂ ಎಷ್ಟಿದೆ ಎಂದು ಅದು ಹೇಳಲಾರದು. ಅದಕ್ಕೆ ಸರಿಯಾದ ಪ್ರಯೋಗಾಲಯವೇ ಬೇಕು. ಮೈಗೆ ಎಷ್ಟು ವಿಕಿರಣ ತಗುಲಿತು ಎಂಬ ಅಳತೆಯನ್ನೂ ಅದು ಕೊಡದು. ಬೇಳೆಯ ಬೀಟಾ ಕಣಗಳನ್ನು ಉಳಿದ ಗೆರೆಗಳ ನಡುವೆ ಹೆಕ್ಕಿ ಗುರುತಿಸುವುದೂ ಕಷ್ಟ. ಅದು ಕಲಿಸುವುದು ನೋಡುವುದನ್ನು, ವಿಂಗಡಿಸುವುದನ್ನು, ಎಣಿಸುವುದನ್ನು.

ಬೆಂಗಳೂರಿನ ಚೇಂಬರ್‌, ಕೋಲಾರದ ಪಾತಾಳ

ಈ ಎಣಿಕೆಯ ಪರಂಪರೆ ಕರ್ನಾಟಕಕ್ಕೆ ಹೊಸದಲ್ಲ. ಕೇಂಬ್ರಿಜ್‌ನಲ್ಲಿದ್ದ ಹೋಮಿ ಭಾಭಾ 1939ರಲ್ಲಿ ರಜೆಗೆಂದು ಭಾರತಕ್ಕೆ ಬಂದರು. ಅಷ್ಟರಲ್ಲಿ ಯುರೋಪಿನಲ್ಲಿ ಯುದ್ಧ ಶುರುವಾಯಿತು, ಮರಳಿ ಹೋಗಲಾಗಲಿಲ್ಲ. ಸಿ.ವಿ. ರಾಮನ್ ಇದ್ದ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ ಸೇರಿ ವಿಶ್ವಕಿರಣ ಸಂಶೋಧನಾ ಘಟಕ ಕಟ್ಟಿದರು. ವಿಶ್ವಕಿರಣಗಳು ವಾತಾವರಣದಲ್ಲಿ ಒಂದರಿಂದ ಎರಡು, ಎರಡರಿಂದ ನಾಲ್ಕಾಗಿ ಕಣಗಳ ಮಳೆಯಾಗುವುದನ್ನು ಅವರು ವಾಲ್ಟರ್ ಹೈಟ್ಲರ್ ಜೊತೆ 1937ರಲ್ಲೇ ಗಣಿತದಲ್ಲಿ ವಿವರಿಸಿದ್ದರು. ಗಣಿತ ಬಲ್ಲ ಅದೇ ಭಾಭಾ ಬೆಂಗಳೂರಿನಲ್ಲಿ ಪ್ರಯೋಗಕ್ಕೂ ಇಳಿದರು. ಮ್ಯಾಂಚೆಸ್ಟರಿನಲ್ಲಿ ಪ್ಯಾಟ್ರಿಕ್ ಬ್ಲ್ಯಾಕೆಟ್ ಬಳಸುತ್ತಿದ್ದ ಮಾದರಿಯಲ್ಲಿ 12 ಇಂಚು ವ್ಯಾಸದ ಕ್ಲೌಡ್ ಚೇಂಬರ್ ಅಲ್ಲಿ ಸಿದ್ಧವಾಯಿತು. ಅದೇ ಆವರಣದಲ್ಲಿ ಯುವಕ ವಿಕ್ರಮ್ ಸಾರಾಭಾಯಿ ಕೂಡ ವಿಶ್ವಕಿರಣಗಳನ್ನು ಅಳೆಯುತ್ತಿದ್ದರು. 1945ರ ಜೂನ್ 1ರಂದು ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ ಕೆಲಸ ಆರಂಭಿಸಿದ್ದೂ ಬೆಂಗಳೂರಿನಲ್ಲೇ. ಮುಂಬಯಿಗೆ ಹೋದದ್ದು ಆ ವರ್ಷದ ಕೊನೆಗೆ.

ಬ್ಲ್ಯಾಕೆಟ್ ಹೆಸರು ಬಂದಾಗ ಅವರ ತಾಳ್ಮೆಯನ್ನು ನೆನೆಯಬೇಕು. 1920ರ ದಶಕದಲ್ಲಿ ಅವರು ನೈಟ್ರೊಜನ್ ತುಂಬಿದ ಚೇಂಬರಿನ 23,000 ಫೋಟೊ ತೆಗೆದರು. ಅವುಗಳಲ್ಲಿ ನಾಲ್ಕು ಲಕ್ಷದಷ್ಟು ಆಲ್ಫಾ ಗೆರೆಗಳಿದ್ದವು. ಆ ರಾಶಿಯಲ್ಲಿ ಎಂಟೇ ಎಂಟು ಗೆರೆಗಳು ವಿಚಿತ್ರವಾಗಿ ಕವಲೊಡೆದಿದ್ದವು. ಆಲ್ಫಾ ಕಣ ನೈಟ್ರೊಜನ್ ಪರಮಾಣುವಿನ ನಡುವಿಗೆ ಹೊಕ್ಕು ಅದನ್ನು ಆಕ್ಸಿಜನ್ ಆಗಿ ಬದಲಾಯಿಸಿದ ಗಳಿಗೆಯ ದಾಖಲೆ ಅವು. 1932ರಲ್ಲಿ ಅಮೆರಿಕದ ಕಾರ್ಲ್ ಆಂಡರ್ಸನ್ ಅಯಸ್ಕಾಂತದ ನಡುವೆ ಇಟ್ಟ ಚೇಂಬರಿನಲ್ಲಿ ಎಲೆಕ್ಟ್ರಾನಿನಂತೆಯೇ ಇದ್ದೂ ತಿರುಗುಮುರುಗಾಗಿ ಬಾಗಿದ ಗೆರೆ ಕಂಡರು. ನಡುವೆ ಇಟ್ಟಿದ್ದ 6 ಮಿಲಿಮೀಟರ್ ಸೀಸದ ತಗಡನ್ನು ದಾಟಿದ ಮೇಲೆ ಗೆರೆ ಹೆಚ್ಚು ಬಾಗಿತ್ತು. ಅಂದರೆ ಕಣದ ವೇಗ ಅಲ್ಲಿ ತಗ್ಗಿತ್ತು. ಅದು ಯಾವ ಕಡೆಯಿಂದ ಬಂತು ಎಂಬುದು ಹಾಗೆ ಖಾತ್ರಿಯಾಯಿತು. ಪಾಸಿಟ್ರಾನ್ ಎಂಬ ಪ್ರತಿಕಣ ಹೀಗೆ ಲೋಕಕ್ಕೆ ತಿಳಿಯಿತು.

ಭಾಭಾ ಬೆಳೆಸಿದವರಲ್ಲಿ ಮೈಸೂರು ಜಿಲ್ಲೆಯ ನಂಜನಗೂಡಿನಲ್ಲಿ 1925ರಲ್ಲಿ ಹುಟ್ಟಿದ ಬಿ.ವಿ. ಶ್ರೀಕಂಠನ್ ಒಬ್ಬರು. 1950ರ ದಶಕದ ಆರಂಭದಲ್ಲಿ ಅವರು ಕಣ ಎಣಿಸುವ ಉಪಕರಣ ಹೊತ್ತು ಕೋಲಾರದ ಚಿನ್ನದ ಗಣಿಗೆ ಇಳಿದರು. ಮ್ಯೂಯಾನುಗಳು ಬಂಡೆಯನ್ನು ಎಷ್ಟು ಆಳದವರೆಗೆ ದಾಟಬಲ್ಲವು ಎಂದು ಅಳೆಯುವುದು ಕೆಲಸ. ಅಲ್ಲಿಂದ ಶುರುವಾದ ಅಳತೆ ಮುಂದೆ 2.7 ಕಿಲೋಮೀಟರ್‌ಗೂ ಹೆಚ್ಚು ಆಳ ಮುಟ್ಟಿತು. ಅಲ್ಲಿ ಎರಡು ತಿಂಗಳ ಕಾಲ ಉಪಕರಣ ಓಡಿಸಿದರೂ ಒಂದು ಮ್ಯೂಯಾನೂ ದಾಖಲಾಗಲಿಲ್ಲ. ಆಕಾಶದ ಗದ್ದಲವೆಲ್ಲ ಬಂಡೆಯಲ್ಲಿ ಅಡಗಿದ ಜಾಗ ಸಿಕ್ಕಿತು ಎಂದೇ ಬಂಡೆಯನ್ನೂ ಸಲೀಸಾಗಿ ದಾಟುವ ನ್ಯೂಟ್ರಿನೊ ಎಂಬ ಕಣದ ಹುಡುಕಾಟಕ್ಕೆ ಕೋಲಾರ ಯೋಗ್ಯವಾಯಿತು. 1965ರಲ್ಲಿ ಟಾಟಾ ಸಂಸ್ಥೆ, ಜಪಾನಿನ ಒಸಾಕಾ ಸಿಟಿ ವಿಶ್ವವಿದ್ಯಾಲಯ, ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯ ಒಟ್ಟಾಗಿ ಅಲ್ಲಿ ವಾತಾವರಣದ ನ್ಯೂಟ್ರಿನೊಗಳ ಗುರುತು ಹಿಡಿದವು. ಆ ಉಪಕರಣದಲ್ಲಿ ಕಣದ ದಾರಿ ತೋರಿಸಿದ್ದು ನಿಯಾನ್ ಕೊಳವೆಗಳು. ಕಣ ಹಾಯ್ದ ಕೊಳವೆಗಳು ಮಾತ್ರ ಬೆಳಗುತ್ತಿದ್ದವು. ಅಷ್ಟು ಹೊತ್ತಿಗೆ ಊಟಿಯ ಪ್ರಯೋಗಾಲಯದಲ್ಲಿ ಲೋಹದ ತಗಡುಗಳನ್ನು ಒಂದರ ಕೆಳಗೊಂದು ಜೋಡಿಸಿದ ದೊಡ್ಡ ಕ್ಲೌಡ್ ಚೇಂಬರ್ ಕೂಡ ಕೆಲಸ ಮಾಡುತ್ತಿತ್ತು. ಶ್ರೀಕಂಠನ್ 1975ರಿಂದ 1987ರವರೆಗೆ ಟಾಟಾ ಸಂಸ್ಥೆಯ ನಿರ್ದೇಶಕರಾಗಿದ್ದರು.

ಇಂದಿನ ದೊಡ್ಡ ಪ್ರಯೋಗಾಲಯಗಳಲ್ಲಿ ಕ್ಲೌಡ್ ಚೇಂಬರ್ ಬಳಕೆಯಲ್ಲಿಲ್ಲ. ಅದರ ಜಾಗಕ್ಕೆ ಬಬಲ್ ಚೇಂಬರ್, ಆಮೇಲೆ ಎಲೆಕ್ಟ್ರಾನಿಕ್ ಸಾಧನಗಳು ಬಂದವು. ಶಾಲೆಯ ಮಟ್ಟಿಗೆ ಮಾತ್ರ ಅದನ್ನು ಮೀರಿಸುವಂಥದ್ದು ಇನ್ನೂ ಬಂದಿಲ್ಲ. ಗೈಗರ್ ಕೌಂಟರ್ ಟಿಕ್ ಎನ್ನುತ್ತದೆ, ಅಂಕಿ ತೋರಿಸುತ್ತದೆ. ಬಂದದ್ದು ಯಾವ ಕಣ, ಯಾವ ದಾರಿ ಹಿಡಿಯಿತು ಎಂಬುದು ಗೆರೆ ನೋಡಿದಾಗಲೇ ತಿಳಿಯುವುದು.

ಮಾಡುವುದು ಹೇಗೆ, ಯಾರು ಮಾಡಬೇಕು

ಸಾಮಾನಿನ ಪಟ್ಟಿ ದೊಡ್ಡದಲ್ಲ. ಸಣ್ಣ ಮೀನಿನ ತೊಟ್ಟಿಯಂಥ ಪೆಟ್ಟಿಗೆ, ಉಣ್ಣೆಬಟ್ಟೆ, ಕಪ್ಪು ಬಳಿದ ಅಲ್ಯೂಮಿನಿಯಂ ತಗಡು, ಪ್ರಖರವಾದ ಎಲ್‌ಇಡಿ ಟಾರ್ಚ್, ಒಂದು ಬಾಟಲಿ ಐಸೋಪ್ರೊಪೈಲ್ ಆಲ್ಕೊಹಾಲ್. ಕಷ್ಟವಿರುವುದು ಡ್ರೈ ಐಸಿನದು. ದೊಡ್ಡ ಊರುಗಳಿಂದ ಥರ್ಮಾಕೋಲ್ ಡಬ್ಬಿಯಲ್ಲಿ ತರಿಸಬೇಕು, ತಂದ ದಿನವೇ ಬಳಸಬೇಕು. ಇದಕ್ಕೆ ಬದಲು ಕರೆಂಟ್ ಹರಿಸಿದರೆ ಒಂದು ಮೈ ತಣ್ಣಗಾಗುವ ಪೆಲ್ಟಿಯರ್ ಬಿಲ್ಲೆಗಳನ್ನು ಒಂದರ ಮೇಲೊಂದಿಟ್ಟು, ಕಂಪ್ಯೂಟರಿನ ಪವರ್ ಸಪ್ಲೈ ಮತ್ತು ಕೂಲರ್ ಜೋಡಿಸಿಯೂ ತಗಡನ್ನು ತಣ್ಣಗೆ ಮಾಡಬಹುದು. ತಗಡು ಮೈನಸ್ 25 ಡಿಗ್ರಿಯಿಂದ ಕೆಳಕ್ಕೆ ಇಳಿದರೆ ಗೆರೆಗಳು ಕಾಣತೊಡಗುತ್ತವೆ. ಅಟಲ್ ಟಿಂಕರಿಂಗ್ ಲ್ಯಾಬ್ ಇರುವ ಶಾಲೆಗಳಿಗೆ ಇದು ಹೇಳಿ ಮಾಡಿಸಿದ ಕೆಲಸ. ನಮ್ಮ ಏಪ್ರಿಲ್‌, ಮೇ ಬಿಸಿಲಲ್ಲಿ ಪೆಲ್ಟಿಯರ್ ಅಷ್ಟು ಕೆಳಕ್ಕೆ ಇಳಿಯಲಾರದು. ನವೆಂಬರಿನಿಂದ ಜನವರಿಯವರೆಗೆ ಒಳ್ಳೆಯ ಕಾಲ.

ಎಚ್ಚರಿಕೆಯ ಮಾತುಗಳಿವೆ. ಡ್ರೈ ಐಸ್ ಬರಿಗೈಯಲ್ಲಿ ಮುಟ್ಟಿದರೆ ಚರ್ಮ ಸುಟ್ಟಂತಾಗುತ್ತದೆ. ದಪ್ಪ ಕೈಗವಸು ಬೇಕು. ಅದನ್ನು ಬಿಗಿ ಮುಚ್ಚಳದ ಪಾತ್ರೆಯಲ್ಲಿ ಇಡಬಾರದು, ಅನಿಲ ಉಬ್ಬಿ ಸಿಡಿಯುತ್ತದೆ. ಕೋಣೆಗೆ ಗಾಳಿಯಾಡಬೇಕು. ಆಲ್ಕೊಹಾಲ್ ಹತ್ತಿರ ಬೆಂಕಿಕಡ್ಡಿ, ದೀಪ ಸುಳಿಯಬಾರದು. ಮ್ಯಾಂಟಲ್ಲನ್ನು ಶಿಕ್ಷಕರೇ ನಿಭಾಯಿಸಬೇಕು, ಸುಟ್ಟ ಮ್ಯಾಂಟಲ್ಲಿನ ಬೂದಿ ಉಸಿರಿಗೆ ಹೋಗದಂತೆ ನೋಡಿಕೊಳ್ಳಬೇಕು, ಆಮೇಲೆ ಎಲ್ಲರೂ ಕೈ ತೊಳೆಯಬೇಕು.

ಆಳಂದ ತಾಲ್ಲೂಕಿನ ಕಡಗಂಚಿಯಲ್ಲಿ 2009ರಲ್ಲಿ ಸ್ಥಾಪನೆಯಾದ ಕರ್ನಾಟಕ ಕೇಂದ್ರೀಯ ವಿಶ್ವವಿದ್ಯಾಲಯವಿದೆ. ಕಲಬುರಗಿಯಲ್ಲಿ ಗುಲಬರ್ಗಾ ವಿಶ್ವವಿದ್ಯಾಲಯವಿದೆ, ಜಿಲ್ಲಾ ವಿಜ್ಞಾನ ಕೇಂದ್ರವಿದೆ, ಪ್ರದೇಶದ ಅಭಿವೃದ್ಧಿಗೆಂದೇ ಹಣ ಹಂಚುವ ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಯಿದೆ. ಮೂರು ತಾಲ್ಲೂಕುಗಳಿಗೆ ತಲಾ ಒಂದು ಚೇಂಬರ್ ಕಟ್ಟಿ, ಶಾಲೆಯಿಂದ ಶಾಲೆಗೆ ಕಳಿಸಿ, ವಿಜ್ಞಾನ ಶಿಕ್ಷಕರಿಗೆ ಒಂದೊಂದು ದಿನದ ತರಬೇತಿ ಕೊಡುವುದು ಇವರಿಗೆ ಭಾರವಾಗುವ ಕೆಲಸವಲ್ಲ. ಶಾಲಾ ಕಟ್ಟಡಕ್ಕೆ ಹಣ ಕೊಡುವಾಗ ಅದರೊಳಗೆ ಮಕ್ಕಳು ಏನು ನೋಡುತ್ತಾರೆ ಎಂಬುದಕ್ಕೂ ಸ್ವಲ್ಪ ಹಣ ತೆಗೆದಿಡಬೇಕು.

ಗೋಗಿಯ ಯುರೇನಿಯಂ ನೆಲದಡಿಯಲ್ಲೇ ಇದೆ. ಅದನ್ನು ತೆಗೆಯಬೇಕೋ ಬಿಡಬೇಕೋ, ತೆಗೆದರೆ ಯಾವ ಷರತ್ತಿನ ಮೇಲೆ ಎಂಬ ಪ್ರಶ್ನೆ ಇಂದಲ್ಲ ನಾಳೆ ಈ ಸೀಮೆಯವರ ಮುಂದೆ ಬಂದೇ ಬರುತ್ತದೆ. ಆಗ ಸಭೆಯಲ್ಲಿ ಕೂರುವವರು ಇಂದು ಎಂಟನೇ, ಒಂಬತ್ತನೇ ತರಗತಿಯಲ್ಲಿರುವ ಮಕ್ಕಳು. ನೀರಿನ ವರದಿ ಕೈಗೆ ಬಂದಾಗ ಅವರು ಅದನ್ನು ಓದಬಲ್ಲವರಾಗಿರಬೇಕು. ಎಷ್ಟು ಆಲ್ಫಾ, ಎಷ್ಟು ರೇಡಾನ್, ಯಾವ ಬಾವಿಯದು, ಯಾವ ತಿಂಗಳು ತೆಗೆದ ಮಾದರಿ, ಗಣಿ ತೋಡುವ ಮೊದಲು ಎಷ್ಟಿತ್ತು ಎಂದು ಎದ್ದುನಿಂತು ಕೇಳಬೇಕು. ಉತ್ತರ ಸರಿಯಿದ್ದರೆ ಒಪ್ಪಬೇಕು, ಇಲ್ಲದಿದ್ದರೆ ಬಿಡಬಾರದು. ಹಾಗೆ ಕೇಳುವ ಧೈರ್ಯ ತಾನೇ ನೋಡಿ, ತಾನೇ ಎಣಿಸಿದವರಿಗೆ ಬರುತ್ತದೆ. ಅದಕ್ಕಾಗಿಯೇ ಆಳಂದ, ಅಫಜಲಪುರ, ಜೇವರ್ಗಿಯ ತರಗತಿಗಳಿಗೆ ಈ ಪೆಟ್ಟಿಗೆ ಬೇಕು, ಬರುವ ಚಳಿಗಾಲದೊಳಗೇ ಬೇಕು.